ಕೊಟ್ಟಿಗೆಗಳಲ್ಲಿ ಕಲಿಸಿದವರಿಗೆ

ದಕ್ಷಿಣ ಕೊಡಗಿನಲ್ಲಿ ಪಶುವೈದ್ಯನಾಗಿ ದುಡಿಯುತ್ತಾ ದನ, ನಾಯಿ, ಕಾಡು ಮತ್ತು ಮನುಷ್ಯರ ಆರೋಗ್ಯದ ನಂಟಿನ ಬಗ್ಗೆ ಬರೆದ ಲೇಖನಗಳು ಕಳೆದ ವಾರ ಪುಸ್ತಕವಾಗಿ ಹೊರಬಂದವು. ಕಕ್ಕಡ ಮಾಸದ ಮಳೆಯನ್ನು ಲೆಕ್ಕಿಸದೆ ಗೋಣಿಕೊಪ್ಪಲಿನ ಸಭೆಗೆ ಬಂದವರಿಗೂ, ರಸ್ತೆಗೆ ಮರ ಬಿದ್ದು ಬರಲಾಗದೆ ದೂರದಿಂದಲೇ ಹರಸಿದವರಿಗೂ ನನ್ನ ನಮಸ್ಕಾರಗಳು. ಆದರೆ ಆ ಪುಸ್ತಕದ ತಿರುಳನ್ನು ಕೊಟ್ಟವರಲ್ಲಿ ಹೆಚ್ಚಿನವರು ಅಂದು ಸಭೆಯಲ್ಲಿ ಇರಲಿಲ್ಲ; ಸಂಜೆ ಅವರಿಗೆ ಹಾಲು ಕರೆಯುವ ಹೊತ್ತು. ಅವರಿಗೆ ಸಲ್ಲಬೇಕಾದ ಕೃತಜ್ಞತೆಯನ್ನು ಇಲ್ಲಿ ಬರೆದು ಒಪ್ಪಿಸುತ್ತಿದ್ದೇನೆ.

ಮೊದಲನೆಯದಾಗಿ, ಬಾಳೆಲೆ ಕಡೆಯ ಒಬ್ಬ ಹಿರಿಯ ರೈತರಿಗೆ. ಅವರ ಹಸುವಿನ ಕೆಚ್ಚಲು ಬಾವಿಗೆ ಚಿಕಿತ್ಸೆ ನೀಡುತ್ತಿದ್ದಾಗ, ಹಿಂದೆ ಪೈಸಾರಿ ಎಂಬ ಸರ್ಕಾರಿ ಪಾಳು ಜಾಗದಲ್ಲಿ ಹಾಕಿದ ಸತ್ತ ದನವನ್ನು ರಣಹದ್ದುಗಳು ಬಂದು ಮುಗಿಸುತ್ತಿದ್ದವು, ಈಗ ನಾಯಿಗಳ ಹಿಂಡು ಬರುತ್ತದೆ, ಹದ್ದುಗಳು ಎಲ್ಲಿಗೆ ಹೋದವು ಎಂದು ಅವರು ಕೇಳಿದರು. ಆ ಪ್ರಶ್ನೆಯ ಬೆನ್ನು ಹತ್ತಿ ಓದುತ್ತಾ ಹೋದಾಗ ಉತ್ತರ ನನ್ನ ವೃತ್ತಿಯ ಔಷಧಿ ಪೆಟ್ಟಿಗೆಯೊಳಗೇ ಇತ್ತು. ದನಗಳ ನೋವು ಮತ್ತು ಜ್ವರಕ್ಕೆ ದೇಶದಾದ್ಯಂತ ಬಳಕೆಯಲ್ಲಿದ್ದ ಡೈಕ್ಲೋಫೆನಾಕ್, ಚಿಕಿತ್ಸೆಯ ಬಳಿಕ ಬೇಗನೆ ಸತ್ತ ದನದ ಮಾಂಸದಲ್ಲಿ ಉಳಿದುಕೊಂಡು, ಅದನ್ನು ತಿಂದ ರಣಹದ್ದಿನ ಮೂತ್ರಪಿಂಡವನ್ನು ಕೆಡಿಸಿ ಕೊಲ್ಲುತ್ತಿತ್ತು ಎಂಬುದು 2004ರಲ್ಲಿ ಖಚಿತವಾಯಿತು. 1990ರ ದಶಕದಿಂದ ಒಂದೂವರೆ ದಶಕದ ಅವಧಿಯಲ್ಲಿ ಭಾರತದ ಬಿಳಿ ಬೆನ್ನಿನ ರಣಹದ್ದುಗಳಲ್ಲಿ ಶೇ 99ಕ್ಕಿಂತ ಹೆಚ್ಚು ಅಳಿದುಹೋಗಿದ್ದವು. 2006ರಲ್ಲಿ ಪಶುಚಿಕಿತ್ಸೆಯಲ್ಲಿ ಆ ಔಷಧಿಯನ್ನು ನಿಷೇಧಿಸಲಾಯಿತು. ರಣಹದ್ದಿಗೆ ಹಾನಿ ಮಾಡದ ಮೆಲಾಕ್ಸಿಕಾಮ್ ಅದರ ಜಾಗಕ್ಕೆ ಬಂತು. ಹದ್ದು ಬಿಟ್ಟುಹೋದ ಕಳೇಬರ ನಾಯಿಗಳ ಪಾಲಾಗುವುದು, ನಾಯಿಗಳು ಹೆಚ್ಚಿದಲ್ಲಿ ಹುಚ್ಚುನಾಯಿ ರೋಗದ ಭಯ ಹೆಚ್ಚುವುದು, ಆ ಭಯ ಕೊನೆಗೆ ಅಂಗಳದಲ್ಲಿ ಆಡುವ ಮಗುವಿನವರೆಗೆ ಬರುವುದು, ಇದನ್ನೆಲ್ಲ ನಾನು ಒಂದೇ ಎಳೆಯಾಗಿ ಕಾಣುವಂತೆ ಮಾಡಿದ್ದು ಆ ಹಿರಿಯರ ಪ್ರಶ್ನೆ. ಪುಸ್ತಕದ ಅತಿ ದೀರ್ಘ ಲೇಖನ ಅವರದೇ ಎಂದು ನಾನು ಭಾವಿಸುತ್ತೇನೆ.

ಕುಟ್ಟ ಮತ್ತು ತಿತಿಮತಿ ಸುತ್ತಿನ ಕಾಡಂಚಿನ ಆದಿವಾಸಿ ಹಾಡಿಗಳ ಜನರಿಗೆ ನನ್ನ ಋಣ ಇನ್ನೂ ದೊಡ್ಡದು. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಗುರುತಿಸಲಾದ, ಉಣುಗು ಕಚ್ಚಿ ಮನುಷ್ಯರಿಗೆ ಹರಡುವ ಮಂಗನ ಕಾಯಿಲೆ 2012ರ ಕೊನೆಗೆ ಬಂಡೀಪುರದಲ್ಲಿ ಕಾಣಿಸಿಕೊಂಡು, ಮುಂದೆ ನಮ್ಮ ನೆರೆಯ ವಯನಾಡಿನಲ್ಲಿ ಹರಡಿದಾಗ, ಸತ್ತ ಮಂಗವನ್ನು ಕಂಡರೆ ಮುಟ್ಟದೆ ತಿಳಿಸಿ ಎಂದಷ್ಟೇ ನಾನು ಹೇಳಿದ್ದೆ. ಯಾವ ದಾರಿಯಲ್ಲಿ ಬೇಸಿಗೆಗೆ ಉಣುಗು ಹೆಚ್ಚು, ಯಾವ ಕಡೆ ಮೇಯಲು ಹೋದ ದನ ಮೈತುಂಬ ಉಣುಗು ಹೊತ್ತು ಬರುತ್ತದೆ, ಯಾವ ಮರಗಳಲ್ಲಿ ಮಂಗಗಳು ತಂಗುತ್ತವೆ ಎಂಬುದನ್ನು ಅವರು ನನಗೆ ನಡೆದು ತೋರಿಸಿದರು. ಈ ರೋಗ ದನವನ್ನು ಅಷ್ಟಾಗಿ ಬಾಧಿಸದಿದ್ದರೂ, ಬೆಳೆದ ಉಣುಗಿಗೆ ರಕ್ತವೂಡಿಸಿ ಅದರ ಸಂತತಿಯನ್ನು ಬೆಳೆಸುವುದು ಮೇಯುವ ದನವೇ. ಮನುಷ್ಯರಿಗೆ ಹೆಚ್ಚಾಗಿ ಕಚ್ಚುವುದು ಡಿಸೆಂಬರಿನಿಂದ ಮೇ ವರೆಗೆ ಕಾಣುವ ಎಳೆಯ ಉಣುಗು. ಓದಿ ತಿಳಿದಿದ್ದ ಈ ಸಂಗತಿಯನ್ನು ನೆಲದ ಮೇಲೆ ಗುರುತಿಸಲು ಕಲಿಸಿದವರು ಸೌದೆಗೂ ಜೇನಿಗೂ ಆ ದಾರಿಗಳಲ್ಲಿ ದಿನವೂ ಓಡಾಡುವವರು. ನಮ್ಮ ಆರೋಗ್ಯ ಯೋಜನೆಗಳು ಅವರನ್ನು ತಿಳಿವಳಿಕೆ ಹೇಳಿಸಿಕೊಳ್ಳಬೇಕಾದವರೆಂದು ಮಾತ್ರ ಕಾಣುವುದು ನನಗೆ ಇಂದಿಗೂ ನೋವಿನ ವಿಷಯ.

2018ರ ಆಗಸ್ಟ್‌ನಲ್ಲಿ ಗುಡ್ಡಗಳು ಕುಸಿದಾಗ, ಉಟ್ಟ ಬಟ್ಟೆಯಲ್ಲಿ ಮನೆ ಬಿಟ್ಟು ಹೊರಡುವ ಮುನ್ನ ಕೊಟ್ಟಿಗೆಗೆ ಹೋಗಿ ದನಗಳ ಹಗ್ಗ ಬಿಚ್ಚಿದ ಮಕ್ಕಂದೂರು, ಮುಕ್ಕೋಡ್ಲು ಕಡೆಯ ಕುಟುಂಬಗಳು ಆ ದಿನಗಳನ್ನು ನನ್ನೊಡನೆ ಹಂಚಿಕೊಂಡವು. ಅವರ ಮಾತುಗಳಿಗೆ ನಾನು ಏನನ್ನೂ ಸೇರಿಸದೆ ಬರೆದಿದ್ದೇನೆ. ಹೇಳಿಕೊಳ್ಳುವುದು ಸುಲಭವಾಗಿರಲಿಲ್ಲವೆಂದು ಬಲ್ಲೆ. ಅವರ ನಂಬಿಕೆಗೆ ನಾನು ಚಿರಋಣಿ.

ದೇವರಕಾಡುಗಳನ್ನು ಕಾಪಾಡಿಕೊಂಡು ಬಂದಿರುವ ಊರುಗಳ ಮುಖ್ಯಸ್ಥರಾದ ತಕ್ಕರಿಗೂ ವಂದನೆಗಳು. ಅಯ್ಯಪ್ಪನಿಗೆ ಮಣ್ಣಿನ ನಾಯಿಗಳನ್ನು ಹರಕೆಯಾಗಿ ಒಪ್ಪಿಸುವ ಬನಗಳ ಬಗ್ಗೆ ಬರೆಯಲು ಅವರು ಪ್ರೀತಿಯಿಂದ ಅನುಮತಿ ಕೊಟ್ಟರು. ನಾಯಿಯನ್ನು ದೇವರ ಸನ್ನಿಧಿಯವರೆಗೆ ಕರೆದೊಯ್ದ ಈ ನಾಡಿನಲ್ಲಿ ಒಂದೇ ಒಂದು ಜೀವವೂ ಹುಚ್ಚುನಾಯಿ ರೋಗಕ್ಕೆ ಬಲಿಯಾಗಬಾರದೆಂಬುದು ನನ್ನ ಆಸೆ. ಕಚ್ಚಿದ ಗಾಯವನ್ನು ಕೂಡಲೇ 15 ನಿಮಿಷ ಸೋಪು ನೀರಿನಲ್ಲಿ ತೊಳೆದು, ತಡಮಾಡದೆ ಆಸ್ಪತ್ರೆಗೆ ಹೋಗಿ ಲಸಿಕೆ ಪಡೆದರೆ ತಡೆಯಬಹುದಾದ ಈ ರೋಗ, ಲಕ್ಷಣ ಕಾಣಿಸಿಕೊಂಡ ಮೇಲೆ ಬಹುತೇಕ ಯಾರನ್ನೂ ಉಳಿಸುವುದಿಲ್ಲ. ಈ ಮಾತನ್ನು ಪುಸ್ತಕದಲ್ಲಿ ಹಲವು ಕಡೆ ಬರೆದಿದ್ದೇನೆ, ಬೇಸರವಾದವರು ದಯವಿಟ್ಟು ಸಹಿಸಿಕೊಳ್ಳಬೇಕು.

ಜ್ವರದ ರೋಗಿಯ ವಿಷಯ ಬಂದಾಗ ಮನೆಯ ದನಕರುಗಳ ಬಗ್ಗೆಯೂ ವಿಚಾರಿಸಲು ನನಗೆ ಫೋನ್ ಮಾಡುವ ವೈದ್ಯಮಿತ್ರರಿಗೆ, ರಾತ್ರಿ ಹೆರಿಗೆಗಳಿಗೆ ಟಾರ್ಚ್ ಹಿಡಿದು ಜೊತೆ ಬಂದ ಸಹಾಯಕರಿಗೆ, ಅರಣ್ಯ ಇಲಾಖೆಯ ಕಾವಲುಗಾರರಿಗೆ, ಕರಡು ತಿದ್ದಿದ ಗೆಳೆಯರಿಗೆ ಮತ್ತು ನನ್ನ ಮನೆಯವರಿಗೆ ಹೃತ್ಪೂರ್ವಕ ವಂದನೆಗಳು.

ಪುಸ್ತಕದಿಂದ ಬರುವ ಗೌರವಧನವನ್ನು ತೋಟದ ಕೆಲಸಗಾರರು ವಾಸಿಸುವ ಲೈನ್‌ಮನೆಗಳ ನಾಯಿಗಳಿಗೆ ಲಸಿಕೆ ಹಾಕಿಸಲು ಬಳಸುತ್ತೇನೆ. ಒಂದು ಪ್ರದೇಶದ ನಾಯಿಗಳಲ್ಲಿ ಶೇ 70ರಷ್ಟಕ್ಕೆ ಲಸಿಕೆಯಾದರೆ ರೋಗ ಹರಡುವುದು ನಿಲ್ಲುತ್ತದೆ. ಲೂಯಿ ಪ್ಯಾಶ್ಚರ್ ತೀರಿಕೊಂಡ ದಿನವಾದ ಸೆಪ್ಟೆಂಬರ್ 28ರ ವಿಶ್ವ ರೇಬೀಸ್ ದಿನದಂದು ಈ ಕೆಲಸವನ್ನು ಆರಂಭಿಸಲಿದ್ದೇವೆ. ಕೆಲಸಗಾರರು ತಮ್ಮ ನಾಯಿಗಳನ್ನು ಹಿಡಿದು ತರಲೆಂದು ಅಂದು ಸಂಬಳ ಕಡಿಯದೆ ಅರ್ಧ ದಿನ ಬಿಡುವು ಕೊಡಲು ಒಪ್ಪಿರುವ ತೋಟದ ಮಾಲೀಕರಿಗೆ ಮುಂಗಡವಾಗಿಯೇ ಕೃತಜ್ಞತೆಗಳು. ಇನ್ನುಳಿದವರೂ ಒಪ್ಪಿದರೆ ಲಸಿಕೆಯ ಪೆಟ್ಟಿಗೆಯೊಂದಿಗೆ ಅವರ ತೋಟಕ್ಕೂ ಬರುತ್ತೇವೆ.