ಮಗಳಿಗೊಂದು ಪತ್ರ: ಹರಿಹರದಿಂದ ಹರಿಹರಾಲಯಕ್ಕೆ

ಹರಿಹರ

ಚಿರಂಜೀವಿ ಸುಮಾಳಿಗೆ ಅಮ್ಮನ ಆಶೀರ್ವಾದಗಳು.

ಡಿಸೆಂಬರ್ ಕೊನೆಯ ವಾರದಲ್ಲಿ ಸಿಂಗಪುರದಿಂದ ಕಾಂಬೋಡಿಯಾಕ್ಕೆ ಹೋಗಿಬರಲು ರಜೆ ಸಿಕ್ಕಿದೆ ಎಂದು ನೀನು ಹೇಳಿದ ದಿನದಿಂದ ಈ ಪತ್ರ ಬರೆಯಬೇಕೆಂದುಕೊಂಡಿದ್ದೆ. ಕಳೆದ ಫೆಬ್ರವರಿಯಲ್ಲಿ ನೀನೇ ಟಿಕೆಟ್ ಮಾಡಿಸಿ ನನ್ನನ್ನೂ ನಿನ್ನ ಅಪ್ಪನನ್ನೂ ಅಲ್ಲಿಗೆ ಕಳಿಸಿದೆ. ಮರಳಿದ ಮೇಲೆ ಹೇಗಿತ್ತು ಎಂದು ನೀನು ಕೇಳಿದಾಗ ಬಹಳ ಚೆನ್ನಾಗಿತ್ತು ಎಂದಷ್ಟೇ ಹೇಳಿದೆ. ಮನಸ್ಸಿನಲ್ಲಿದ್ದುದನ್ನು ಫೋನಿನಲ್ಲಿ ಹೇಳಲು ಆಗಲಿಲ್ಲ. ಅಂಕೋರ್ ವಾಟ್ ದೇವಾಲಯವನ್ನು ನೀನು ಹೇಗೂ ನೋಡಿಯೇ ನೋಡುತ್ತೀ. ನಾನು ಕೇಳಿಕೊಳ್ಳುವುದು ಒಂದೇ: ಅರ್ಧ ದಿನವನ್ನು ಹಳೆಯ ದೇವಾಲಯಗಳಿರುವ ರೊಲುಓಸ್‌ಗೆಂದು ತೆಗೆದಿಡು, ಮತ್ತು ಆ ಅರ್ಧ ದಿನಕ್ಕೆ ಅಲ್ಲಿಯವರೇ ಆದ ಒಬ್ಬ ಗೈಡ್ ಜೊತೆಗಿರಲಿ.

ಸಿಯೆಮ್ ರೀಪ್ ಪಟ್ಟಣದಿಂದ ಪೂರ್ವಕ್ಕೆ, ಆರನೇ ನಂಬರಿನ ರಾಷ್ಟ್ರೀಯ ಹೆದ್ದಾರಿಯಲ್ಲಿ ಸುಮಾರು 15 ಕಿಲೋಮೀಟರ್ ಹೋದರೆ ರೊಲುಓಸ್ ಸಿಗುತ್ತದೆ. ನಾವು ಬೆಳಿಗ್ಗೆ ಏಳಕ್ಕೆ ಹೊರಟೆವು. ಅಲ್ಲಿ ಮೋಟಾರ್ ಸೈಕಲ್ಲಿಗೆ ಗಾಡಿ ಕಟ್ಟಿರುತ್ತಾರೆ, ಅದನ್ನು ರೆಮಾರ್ಕ್ ಎನ್ನುತ್ತಾರೆ. ಎರಡೂ ಕಡೆ ಗದ್ದೆ, ಗದ್ದೆಯ ಬದುವಿನಲ್ಲಿ ತಾಳೆಮರ. ದಾರಿಯಲ್ಲಿ ಗೈಡ್ ಹಿಂದಕ್ಕೆ ತಿರುಗಿ, ನಾವು ಹೋಗುತ್ತಿರುವ ಊರಿನ ಹಳೆಯ ಹೆಸರನ್ನು ಹೇಳಿದಳು. ಒಂಬತ್ತನೆಯ ಶತಮಾನದಲ್ಲಿ, ಅಂಕೋರ್ ಇನ್ನೂ ರಾಜಧಾನಿಯಾಗುವ ಮೊದಲು, ಕಾಂಬೋಡಿಯಾದ ಜನರಾದ ಖ್ಮೇರರ ಅರಸರ ರಾಜಧಾನಿ ಇದೇ ಆಗಿತ್ತು, ಅದರ ಹೆಸರು ಹರಿಹರಾಲಯ. ನಿನ್ನ ಅಪ್ಪ ನನ್ನ ಕೈ ಹಿಡಿದುಕೊಂಡರು. ನಾವು ಹರಿಹರದವರು, ಆ ಹೆಸರಿನ ದೇವರ ಮುಂದೆಯೇ ನಿನ್ನ ನಾಮಕರಣ ಮಾಡಿಸಿದವರು ಎಂದು ಅವಳಿಗೆ ವಿವರಿಸಿ ಹೇಳಬೇಕಾಯಿತು. ಅರ್ಧ ಶಿವ, ಅರ್ಧ ವಿಷ್ಣುವಾದ ದೇವರನ್ನು ಖ್ಮೇರ್ ಶಿಲ್ಪಿಗಳು ನಮ್ಮಲ್ಲಿನ ಹರಿಹರೇಶ್ವರ ದೇವಾಲಯಕ್ಕಿಂತ ನೂರಾರು ವರ್ಷ ಮೊದಲೇ ಕಡೆದಿದ್ದರು. ನಮ್ಮ ಗುಡಿ ಹೊಯ್ಸಳರ ದಂಡನಾಯಕ ಪೋಲಾಳ್ವ 1224ರ ಸುಮಾರಿಗೆ ಕಟ್ಟಿಸಿದ್ದು. ಅವರ ಮೂರ್ತಿಗಳಲ್ಲಿ ತಲೆಯ ಒಂದು ಪಾಲು ಜಟೆ, ಇನ್ನೊಂದು ಪಾಲು ನೀಳವಾದ ಕಿರೀಟ; ಹಣೆಗಣ್ಣು ಕೂಡ ಅರ್ಧವೇ.

ಮೊದಲು ನೋಡಿದ್ದು ಪ್ರೇಹ್ ಕೋ. ಇಂದ್ರವರ್ಮನೆಂಬ ಅರಸ ತನ್ನ ಹಿರಿಯರ ನೆನಪಿಗೆ ಕಟ್ಟಿಸಿ 879ರ ಹೊತ್ತಿಗೆ ಪ್ರತಿಷ್ಠೆ ಮಾಡಿಸಿದ ಆರು ಇಟ್ಟಿಗೆಯ ಗೋಪುರಗಳು ಅಲ್ಲಿ ಒಂದೇ ಜಗಲಿಯ ಮೇಲೆ ಎರಡು ಸಾಲಾಗಿ ನಿಂತಿವೆ. ಮುಂದಿನ ಮೂರು ಗಂಡಸರ ಹೆಸರಿನವು, ಹಿಂದಿನ ಮೂರು ಅವರ ಹೆಂಡಿರ ಹೆಸರಿನವು. ಮುಂದಿನ ಬಾಗಿಲುಗಳಲ್ಲಿ ದ್ವಾರಪಾಲಕರಿದ್ದರೆ ಹಿಂದಿನವುಗಳಲ್ಲಿ ದೇವಿಯರು ನಿಂತಿದ್ದಾರೆ. ಎದುರಿಗೆ ಮೂರು ಕಲ್ಲಿನ ನಂದಿಗಳು ಗೋಪುರಗಳ ಕಡೆ ಮುಖ ಮಾಡಿ ಕುಳಿತಿವೆ. ದೇವಾಲಯದ ಈಗಿನ ಹೆಸರಿಗೆ ಅವೇ ಕಾರಣ. ಪ್ರೇಹ್ ಕೋ ಎಂದರೆ ಪವಿತ್ರ ಎತ್ತು.

ಸುಮಾ, ನನ್ನನ್ನು ಅಲ್ಲಿ ಹಿಡಿದು ನಿಲ್ಲಿಸಿದ್ದು ನಂದಿಯಲ್ಲ, ಗೋಡೆ. ಆ ಇಟ್ಟಿಗೆಗಳನ್ನು ಒಂದಕ್ಕೊಂದು ಉಜ್ಜಿ ಕೂಡಿಸಿದ್ದಾರೆ, ಸಂದಿನಲ್ಲಿ ಉಗುರೂ ಹೋಗುವುದಿಲ್ಲ. ಅದರ ಮೇಲೆ ಅಲ್ಲಲ್ಲಿ ಹಳೆಯ ಗಾರೆ ಉಳಿದಿದೆ, ಅದರಲ್ಲಿ ಬಳ್ಳಿ, ಹೂವು, ಸಣ್ಣ ಸಣ್ಣ ಮುಖಗಳು ಇವೆ. ಗಾರೆ ಉದುರಿದ ಕಡೆ ಇಟ್ಟಿಗೆಯ ಮೈಯಲ್ಲಿ ಕಚ್ಚುಗಳು ಕಾಣುತ್ತವೆ. ನಿನ್ನ ಅಜ್ಜ ಗಾರೆ ಕೆಲಸದವರಾಗಿದ್ದರೆಂದು ನಿನಗೆ ಗೊತ್ತು. ಅವರು ಕೆಲಸ ಮಾಡುವುದನ್ನು ನೋಡುವ ಭಾಗ್ಯ ನಿನಗೆ ಇರಲಿಲ್ಲ. ಸುಣ್ಣವನ್ನು ವಾರಗಟ್ಟಲೆ ನೀರಿನಲ್ಲಿ ನೆನೆಯಿಟ್ಟು, ಎತ್ತು ಕಟ್ಟಿದ ಗಾಣದಲ್ಲಿ ಮರಳಿನೊಡನೆ ಅರೆಸಿ, ಬೆಲ್ಲದ ನೀರು ಮತ್ತು ಅಳಲೆಕಾಯಿಯ ರಸ ಹಾಕಿ ಹದ ಮಾಡುತ್ತಿದ್ದರು. ಬೆರಳಿಗೆ ಬೆಣ್ಣೆಯ ಹಾಗೆ ಹತ್ತಬೇಕು ಎನ್ನುತ್ತಿದ್ದರು. ಮೆತ್ತುವ ಮೊದಲು ಗೋಡೆಗೆ ಕಚ್ಚು ಹೊಡೆಯದಿದ್ದರೆ ಗಾರೆ ಹಿಡಿಯುವುದಿಲ್ಲ ಎಂದು ಆಳುಗಳನ್ನು ಗದರುತ್ತಿದ್ದರು. ಕಾಂಬೋಡಿಯಾದಲ್ಲಿ, ಸಾವಿರದ ನೂರು ವರ್ಷ ಹಳೆಯದಾದ ಗೋಡೆಯ ಮೇಲೆ, ಆ ಕಚ್ಚುಗಳನ್ನು ನೋಡಿದಾಗ ನನಗೆ ಅವರ ಧ್ವನಿಯೇ ಕೇಳಿಸಿದಂತಾಯಿತು. ಅಲ್ಲಿ ಗಾರೆಗೆ ತಾಳೆಬೆಲ್ಲ ಸೇರಿಸುತ್ತಿದ್ದರೆಂದು ಹೇಳುತ್ತಾರೆ ಎಂದು ಗೈಡ್ ತಿಳಿಸಿದಳು. ನಮ್ಮಲ್ಲಿ ಕಬ್ಬಿನದು, ಅವರಲ್ಲಿ ತಾಳೆಯದು.

ನಮ್ಮ ಜೊತೆ ಭಾರತದಿಂದಲೇ ಬಂದಿದ್ದ ಇನ್ನೊಂದು ಕುಟುಂಬವಿತ್ತು. ಅದರ ಹಿರಿಯರು ನಂದಿಯನ್ನು ನೋಡಿ, ಸಂಸ್ಕೃತ ಶಾಸನವಿದೆಯೆಂದು ಕೇಳಿ, ಇದೆಲ್ಲ ನಮ್ಮವರೇ ಬಂದು ಕಟ್ಟಿದ್ದು ಎಂದು ಎರಡು ಮೂರು ಸಲ ಹೇಳಿದರು. ಅವರಿಗೆ ಅದರಲ್ಲಿ ಅಭಿಮಾನವಿತ್ತು, ಕೆಟ್ಟ ಉದ್ದೇಶವಿರಲಿಲ್ಲ. ಆದರೆ ಗೈಡ್ ಮುಖ ತಗ್ಗಿಸಿದ್ದನ್ನು ನಾನು ನೋಡಿದೆ. ಕೊಟ್ಟು ತೆಗೆದುಕೊಂಡದ್ದು ನಿಜ. ಇಂದ್ರವರ್ಮನ ಗುರುವಾಗಿದ್ದ ಶಿವಸೋಮನು ಭಗವಾನ್ ಶಂಕರನೆಂಬ ಗುರುವಿನ ಬಳಿ ಶಾಸ್ತ್ರ ಕಲಿತನೆಂದು ಅಲ್ಲಿನ ಒಂದು ಶಾಸನವೇ ಹೇಳುತ್ತದೆ. ಆ ಶಂಕರರು ನಮ್ಮ ಶಂಕರಾಚಾರ್ಯರೇ ಎಂದು ಕೆಲವು ವಿದ್ವಾಂಸರು ವಾದಿಸಿದ್ದಾರೆ, ಉಳಿದವರು ಒಪ್ಪಿಲ್ಲ. ಅವರ ಲಿಪಿಯೂ ದಕ್ಷಿಣ ಭಾರತದ ಪಲ್ಲವ ಲಿಪಿಯಿಂದ ಬೆಳೆದದ್ದು. ಇಷ್ಟೆಲ್ಲ ಇದ್ದರೂ ಇಟ್ಟಿಗೆ ಉಜ್ಜಿದವರು, ಗಾರೆ ಮೆತ್ತಿದವರು ಖ್ಮೇರರು. ನೀನು ಹೋದಾಗ ಯಾರಾದರೂ ಹಾಗೆ ಮಾತನಾಡಿದರೆ ಸುಮ್ಮನಿರಬೇಡ. ನಾನು ಸುಮ್ಮನಿದ್ದೆ, ಅದು ನನ್ನನ್ನು ಈಗಲೂ ಚುಚ್ಚುತ್ತದೆ.

ಬಾಕೊಂಗ್ ಅಲ್ಲಿಂದ ಹತ್ತಿರ. 881ರಲ್ಲಿ ಅದೇ ಇಂದ್ರವರ್ಮ ಪ್ರತಿಷ್ಠಾಪಿಸಿದ ಇಂದ್ರೇಶ್ವರ ಲಿಂಗಕ್ಕೆಂದು ಕಟ್ಟಿದ ಐದು ಮೆಟ್ಟಿಲಿನ ಬೆಟ್ಟದಂಥ ದೇವಾಲಯ, ಮರಳುಗಲ್ಲಿನಲ್ಲಿ ಖ್ಮೇರರು ಕಟ್ಟಿದ ಮೊದಲ ದೊಡ್ಡ ದೇವಗಿರಿ. ಸುತ್ತ ಕಂದಕ, ಅದರ ಮೇಲೆ ಹಾಯುವ ದಾರಿಯ ಎರಡೂ ಬದಿ ಏಳು ಹೆಡೆಯ ನಾಗಗಳು. ತುದಿಯ ಗೋಪುರ ಮಾತ್ರ ಹನ್ನೆರಡನೆಯ ಶತಮಾನದ್ದು. ಅದು ಕುಸಿದುಬಿದ್ದಿತ್ತು, 1936ರಿಂದ 1943ರವರೆಗೆ ಫ್ರೆಂಚ್ ತಜ್ಞ ಮೋರಿಸ್ ಗ್ಲೇಜ್ ಬಿದ್ದ ಕಲ್ಲುಗಳನ್ನು ಒಂದೊಂದಾಗಿ ಗುರುತಿಸಿ ಮತ್ತೆ ಎತ್ತಿ ನಿಲ್ಲಿಸಿದರು. ಅಪ್ಪನ ಮಂಡಿ ಒಪ್ಪಲಿಲ್ಲ, ಅವರು ಕೆಳಗೆ ಮರದ ನೆರಳಿನಲ್ಲಿ ಕುಳಿತರು. ನಾನು ಹತ್ತಿದೆ. ಮೂಲೆಗಳಲ್ಲಿ ಕಲ್ಲಿನ ಆನೆಗಳಿವೆ, ಮೇಲೇರಿದಂತೆ ಅವುಗಳ ಗಾತ್ರ ಕಿರಿದಾಗುತ್ತದೆ. ಬಿಸಿಲೇರುವ ಮೊದಲೇ ಹತ್ತು, ಮೆಟ್ಟಿಲು ಕಡಿದಾಗಿವೆ.

ಹೆದ್ದಾರಿಯ ಬದಿಯ ಒಂದು ಮನೆಯ ಅಂಗಳದಲ್ಲಿ ತೊಗಲು ಗೊಂಬೆ ಕೊರೆಯುವವರನ್ನು ನೋಡಲು ಅರ್ಧ ಗಂಟೆ ಎಂದು ಹೇಳಿದ್ದರು, ನಾವು ಒಂದೂವರೆ ಗಂಟೆ ಕುಳಿತೆವು. ಈ ಗೊಂಬೆಯಾಟಕ್ಕೆ ಅವರು ಸ್ಬೆಕ್ ಥೊಮ್ ಎನ್ನುತ್ತಾರೆ, ದೊಡ್ಡ ತೊಗಲು ಎಂದು ಅರ್ಥ. ಒಂದೊಂದು ಗೊಂಬೆಯೂ ಒಂದೇ ಚರ್ಮದ ತುಂಡು, ಕೆಲವು ಎರಡು ಮೀಟರ್ ಎತ್ತರ. ನಮ್ಮ ಗೊಂಬೆಗಳ ಹಾಗೆ ಕೈಕಾಲು ಆಡುವುದಿಲ್ಲ. ಎರಡು ಬಿದಿರ ಕೋಲುಗಳಿಗೆ ಕಟ್ಟಿದ ಗೊಂಬೆಯನ್ನು ಎತ್ತಿ ಹಿಡಿದು ಆಡಿಸುವವನೇ ಕುಣಿಯುತ್ತಾನೆ. ಬಿಳಿಯ ಪರದೆಯ ಹಿಂದೆ ಬೆಂಕಿ ಉರಿಯುತ್ತಿರುತ್ತದೆ, ರಾಮನ ಕಥೆ ನಡೆಯುತ್ತದೆ. ಆ ಕಥೆಗೆ ಅವರ ಭಾಷೆಯಲ್ಲಿ ರಿಯಾಮ್‌ಕೇರ್ ಎಂದು ಹೆಸರು, ರಾಮಕೀರ್ತಿ ಎಂಬುದೇ ಅದರ ಮೂಲ. ಅದರಲ್ಲಿ ಹನುಮಂತ ರಾವಣನ ಮಗಳಾದ ಮತ್ಸ್ಯಕನ್ಯೆ ಸೋವಣ್ಣ ಮಚ್ಚಾಳನ್ನು ಪ್ರೀತಿಸುತ್ತಾನೆ. ನಮ್ಮ ಬ್ರಹ್ಮಚಾರಿ ಹನುಮಂತನನ್ನು ಬಲ್ಲ ನಿನ್ನ ಅಪ್ಪನಿಗೆ ಇದು ಸುಲಭವಾಗಿ ಅರಗಲಿಲ್ಲ. ನನಗೆ ಮಾತ್ರ ನಮ್ಮ ಗೊಂಬೆಯಾಟದಲ್ಲಿ ಯಾವ ರಾಮಾಯಣದಲ್ಲೂ ಇಲ್ಲದ ಕಿಳ್ಳೇಕ್ಯಾತ, ಬಂಗಾರಕ್ಕ ನೆನಪಾದರು. ಕಥೆ ಯಾವ ಊರಿಗೆ ಹೋದರೂ ಆ ಊರಿನವರು ಅದನ್ನು ತಮ್ಮ ಕೈಯಿಂದ ಮತ್ತೆ ಮಾಡಿಕೊಳ್ಳುತ್ತಾರೆ.

ಅಲ್ಲೊಬ್ಬಳು ಹುಡುಗಿ, ಹದಿನೆಂಟೋ ಹತ್ತೊಂಬತ್ತೋ ಇರಬಹುದು, ನೆಲದ ಮೇಲೆ ಕುಳಿತು ಹಲಗೆಯ ಮೇಲೆ ಹಾಸಿದ ಚರ್ಮದಲ್ಲಿ ಹನುಮಂತನ ಬಾಲ ಕೊರೆಯುತ್ತಿದ್ದಳು. ಪಕ್ಕದಲ್ಲಿ ಇಪ್ಪತ್ತಕ್ಕೂ ಹೆಚ್ಚು ಉಳಿಗಳು, ಒಂದು ಮರದ ಕೊಡತಿ. ಒಂದು ಉಳಿಯ ಬಾಯಿ ದುಂಡು, ಒಂದರದು ಅರ್ಧಚಂದ್ರ, ಒಂದರದು ಭತ್ತದ ಕಾಳಿನಷ್ಟು. ಅವಳು ಗೀಟು ಎಳೆದ ಜಾಗದಲ್ಲಿ ಉಳಿ ಇಟ್ಟು ಎರಡೇ ಏಟು ಹಾಕುತ್ತಿದ್ದಳು, ಮೂರನೆಯದು ಎಂದೂ ಇಲ್ಲ. ಪ್ರತಿ ಸಲವೂ ಒಂದು ಚೂರು ಚರ್ಮ ಹಾರಿ ಅವಳ ಮಡಿಲಿಗೆ ಬೀಳುತ್ತಿತ್ತು. ಹತ್ತು ಹನ್ನೆರಡು ತೂತುಗಳಾದ ಮೇಲೆ ಚರ್ಮವನ್ನು ಎತ್ತಿ ಬಿಸಿಲಿಗೆ ಹಿಡಿದು ನೋಡುತ್ತಿದ್ದಳು. ಆಗ ಅವಳ ಕೆನ್ನೆಯ ಮೇಲೆ ಬೆಳಕಿನ ಕಾಳುಗಳು ಬಾಲದ ಆಕಾರದಲ್ಲಿ ಬೀಳುತ್ತಿದ್ದವು. ಅವಳಿಗೆ ಕಲಿಸುತ್ತಿದ್ದ ಮುದುಕರು ಗೈಡ್ ಮೂಲಕ ನಮ್ಮೊಡನೆ ಮಾತನಾಡಿದರು. 1975ರಿಂದ 1979ರವರೆಗೆ ಖ್ಮೇರ್ ರೂಜ್ ಎಂಬ ಉಗ್ರ ಕಮ್ಯುನಿಸ್ಟರ ಆಳ್ವಿಕೆಯಲ್ಲಿ ಅವರ ಗುರುಗಳು ತೀರಿಕೊಂಡರು, ಗೊಂಬೆಗಳು ಸುಟ್ಟುಹೋದವು. ಅನಂತರ ಉಳಿದ ಕೆಲವರು ಒಟ್ಟಿಗೆ ಕುಳಿತು, ರಾಮನ ಕಿರೀಟಕ್ಕೆ ಎಷ್ಟು ಸುತ್ತು, ಸೀತೆಯ ಬೆರಳು ಯಾವ ಕಡೆ ಎಂದು ಒಬ್ಬರ ನೆನಪಿಗೆ ಇನ್ನೊಬ್ಬರ ನೆನಪು ಜೋಡಿಸಿ ಮತ್ತೆ ಕೊರೆದರಂತೆ. ಈ ಆಟ ಈಗ ಯುನೆಸ್ಕೋ ಪಟ್ಟಿಯಲ್ಲಿದೆ. ಆ ಹುಡುಗಿ ಕಲಿಯುತ್ತಿರುವುದು ನನಗೆ ಪಟ್ಟಿಗಿಂತ ದೊಡ್ಡದಾಗಿ ಕಂಡಿತು. ನಮ್ಮಲ್ಲಿ ತೊಗಲು ಗೊಂಬೆ ಆಡಿಸುವ ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂದಾಗ ನಾವೆಲ್ಲ ಸಂತೋಷಪಟ್ಟೆವು. ಅವರ ಆಟವನ್ನು ಒಮ್ಮೆಯಾದರೂ ಹೋಗಿ ನೋಡಲಿಲ್ಲ. ನೀನು ಊರಿಗೆ ಬಂದಾಗ ಇಬ್ಬರೂ ಹೋಗೋಣ.

ಅವರ ಹತ್ತಿರ ನಾನು ಅಂಗೈಯಗಲದ ಒಂದು ಹನುಮಂತನನ್ನು ಕೊಂಡೆ. ಚೌಕಾಸಿ ಮಾಡಲಿಲ್ಲ, ನೀನೂ ಮಾಡಬೇಡ. ಪಟ್ಟಣದ ರಾತ್ರಿ ಸಂತೆಯಲ್ಲಿ ಅಂಥದೇ ಗೊಂಬೆ ಅಗ್ಗಕ್ಕೆ ಸಿಗಬಹುದು, ಆದರೆ ಅದನ್ನು ಕೊರೆದ ಕೈ ಯಾರದೆಂದು ಅಲ್ಲಿ ಹೇಳುವವರಿಲ್ಲ.

ಕೊನೆಗೆ ಲೋಲೈ. ಆ ಹೆಸರು ಹರಿಹರಾಲಯ ಎಂಬುದೇ ಸವೆದು ಆದದ್ದೆಂದು ಹೇಳುತ್ತಾರೆ. ಇಂದ್ರವರ್ಮನ ಮಗ ಯಶೋವರ್ಮ 893ರಲ್ಲಿ ಇಂದ್ರತಟಾಕವೆಂಬ ಕೆರೆಯ ನಡುಗಡ್ಡೆಯ ಮೇಲೆ ಕಟ್ಟಿಸಿದ ನಾಲ್ಕು ಇಟ್ಟಿಗೆಯ ಗೋಪುರಗಳು ಅಲ್ಲಿವೆ. ಕೆರೆ ಸುಮಾರು 3,800 ಮೀಟರ್ ಉದ್ದ, 800 ಮೀಟರ್ ಅಗಲವಿತ್ತು. ಈಗ ಬತ್ತಿ ಗದ್ದೆಯಾಗಿದೆ, ಪಕ್ಕದಲ್ಲೇ ಬೌದ್ಧ ಭಿಕ್ಷುಗಳ ವಿಹಾರವಿದೆ. ಕಲ್ಲಿನ ಬಾಗಿಲವಾಡಗಳ ಮೇಲೆ ಶಾಸನಗಳಿವೆ, ಅಕ್ಷರಗಳು ಮುತ್ತು ಪೋಣಿಸಿದ ಹಾಗಿವೆ. ಬೆಳಿಗ್ಗೆಯಿಂದ ಮೆಲುದನಿಯಲ್ಲೇ ಮಾತನಾಡಿದ್ದ ಗೈಡ್ ಇಲ್ಲಿ ಸ್ವಲ್ಪ ದನಿ ಏರಿಸಿದಳು. ಆ ಕಾಲದ ಶಾಸನಗಳಲ್ಲಿ ಸಂಸ್ಕೃತ ಇರುವಲ್ಲಿ ಅರಸನ ಸ್ತುತಿ, ದೇವರ ಸ್ತುತಿ. ಖ್ಮೇರ್ ಇರುವಲ್ಲಿ ಜನರ ಲೆಕ್ಕ ಎಂದಳು. ದೇವಾಲಯದ ಸೇವೆಗೆ ಬಿಟ್ಟ ಗಂಡಸರ, ಹೆಂಗಸರ ಹೆಸರುಗಳು ಆ ಬಾಗಿಲವಾಡಗಳಲ್ಲಿ ಸಾಲುಸಾಲಾಗಿ ಇವೆ. ಶುಕ್ಲಪಕ್ಷಕ್ಕೆ ಒಂದು ತಂಡ, ಕೃಷ್ಣಪಕ್ಷಕ್ಕೆ ಇನ್ನೊಂದು. ಅವರು ಸ್ವಂತ ಇಚ್ಛೆಯಿಂದ ಬಂದವರಲ್ಲ, ಅರಸ ದೇವರಿಗೆ ಕೊಟ್ಟ ಆಳುಗಳು. ನಮ್ಮ ಬೇಲೂರಿನಲ್ಲಿ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ತಾವು ಕಡೆದ ವಿಗ್ರಹದ ಕೆಳಗೆ ತಮ್ಮ ಹೆಸರು ಬರೆದುಕೊಂಡರು. ಖ್ಮೇರ್ ಶಿಲ್ಪಿಗಳಿಗೆ ಆ ರೂಢಿ ಇರಲಿಲ್ಲ. ಪ್ರೇಹ್ ಕೋದಲ್ಲಿ ಗಾರೆ ಮೆತ್ತಿದವನ ಹೆಸರು ಸಿಗುವುದಿಲ್ಲ, ಲೋಲೈಯಲ್ಲಿ ದಿನಗೆಲಸ ಮಾಡಿದವರ ಹೆಸರುಗಳಾದರೂ ಉಳಿದಿವೆ. ನಮ್ಮ ಜೊತೆಗಿದ್ದ ಆ ಹಿರಿಯರು ಇಲ್ಲಿ ಏನೂ ಹೇಳಲಿಲ್ಲ, ಶಾಸನದ ಮುಂದೆ ಬಹಳ ಹೊತ್ತು ನಿಂತಿದ್ದರು.

ಇನ್ನು ಕೆಲವು ವಿಷಯ. ಅಂಕೋರ್ ಟಿಕೆಟ್ ಈ ಮೂರೂ ದೇವಾಲಯಗಳಿಗೆ ನಡೆಯುತ್ತದೆ, ಬೇರೆ ಕೊಳ್ಳಬೇಕಿಲ್ಲ. ನಾವು ಹೋದಾಗ ಒಂದು ದಿನದ್ದಕ್ಕೆ 37 ಡಾಲರ್ ಇತ್ತು. ಭುಜ, ಮಂಡಿ ಮುಚ್ಚುವ ಬಟ್ಟೆ ಹಾಕಿಕೋ. ದಾರಿಯಲ್ಲಿ ತಾಳೆಯ ನೀರಾ ಕಾಯಿಸಿ ಬೆಲ್ಲ ಮಾಡುವವರು ಸಿಕ್ಕರೆ ಗಾಡಿ ನಿಲ್ಲಿಸು, ಎಲೆಯಲ್ಲಿ ಸುತ್ತಿದ ಬಿಸಿ ಬೆಲ್ಲದ ಒಂದು ಪೊಟ್ಟಣ ನನಗಾಗಿ ತಾ.

ಲೋಲೈಯ ಬಾಗಿಲವಾಡದ ಒಂದು ಫೋಟೊ ಕೂಡ ಬೇಕು, ನಾನು ತೆಗೆದದ್ದು ಅಲುಗಿಹೋಗಿದೆ. ಸಂಜೆಯ ಓರೆಬಿಸಿಲಿನಲ್ಲಿ ಅಕ್ಷರಗಳು ಸ್ಪಷ್ಟವಾಗಿ ಕಾಣಬಹುದು. ಹೆಸರುಗಳ ಸಾಲು ಪೂರ್ತಿ ಬರುವಂತೆ ತೆಗೆ, ಬಾಗಿಲ ಪಕ್ಕದಲ್ಲಿ ನೀನೂ ನಿಂತಿರು.

ನಿನ್ನ ಪ್ರೀತಿಯ,
ಅಮ್ಮ