ನಾಲ್ವರ ಕಥೆ, ಒಬ್ಬನ ಕಥೆ

ಗೆಳೆಯಾ,

ನಿನ್ನ ಯಕ್ಷಗಾನ ಸಾಕ್ಷ್ಯಚಿತ್ರದ ರಫ್ ಕಟ್, ಅಂದರೆ ಮೊದಲ ಜೋಡಣೆ, ನೋಡಿದೆ. ಚೌಕಿಯ, ಅಂದರೆ ಬಣ್ಣದ ಮನೆಯ, ನಾಲ್ಕೂ ಕಲಾವಿದರಿಗೆ ಅಳೆದು ತೂಗಿ ಸಮಪಾಲು ಹಂಚಿದ್ದೀಯ. ಅಣ್ಣತಮ್ಮಂದಿರ ಆಸ್ತಿ ಪಾಲು ನೆನಪಾಯಿತು! ಮೊನ್ನೆ ಫೋನಿನಲ್ಲಿ “ಎಡಿಟರ್ ಅಂದ್ರೆ ಬೇರೆಯವರು ತಂದಿದ್ದನ್ನ ಜೋಡಿಸೋನು ತಾನೇ” ಅಂದೆಯಲ್ಲ, ಆ ಮಾತು ಚುಚ್ಚಿತು. ಅದಕ್ಕೇ ಈ ಪತ್ರ.

ಅಮೆರಿಕದಲ್ಲಿ ಷಾರ್ಲಟ್ ಜ್ವೆರಿನ್ ಅಂತ ಒಬ್ಬ ಎಡಿಟರ್ ಇದ್ದರು. ಸಾಕ್ಷ್ಯಚಿತ್ರ ತೆಗೆಯುತ್ತಿದ್ದ ಮೇಸಲ್ಸ್ ಸಹೋದರರು ಮನೆಮನೆಗೆ ಹೋಗಿ ಬೈಬಲ್ ಮಾರುವ ನಾಲ್ವರ ಹಿಂದೆ ಅಲೆದು, ರಾಶಿ ಫಿಲ್ಮ್ ತಂದು ಅವರ ಮುಂದೆ ಸುರಿದರು. ಷಾರ್ಲಟ್ ಮತ್ತು ಡೇವಿಡ್ ಮೇಸಲ್ಸ್ ಶುರುವಿಗೆ ನಿನ್ನ ಹಾಗೇ ನಾಲ್ವರ ಕಥೆ ಕಟ್ಟಲು ಹೊರಟರು. ಅದು ಕೂರಲಿಲ್ಲ. ನೋಡುತ್ತಾ ನೋಡುತ್ತಾ ಗೊತ್ತಾಯಿತು, ಕಥೆ ಇರುವುದು ಪಾಲ್ ಬ್ರೆನನ್ ಒಬ್ಬನದು. ವ್ಯಾಪಾರ ಕೈಕೊಟ್ಟು, ದಿನದಿನಕ್ಕೆ ಕುಗ್ಗುತ್ತಿರುವವನು. 1969ರ ‘ಸೇಲ್ಸ್‌ಮನ್’ ಹುಟ್ಟಿದ್ದು ಹಾಗೆ.

ಅದೇ ವರ್ಷ ಡಿಸೆಂಬರ್ 6ರಂದು ಕ್ಯಾಲಿಫೋರ್ನಿಯಾದ ಆಲ್ಟಮಾಂಟ್‌ನಲ್ಲಿ ರೋಲಿಂಗ್ ಸ್ಟೋನ್ಸ್ ರಾಕ್ ತಂಡ ಹಾಡುತ್ತಿರುವಾಗಲೇ 18 ವರ್ಷದ ಹುಡುಗನೊಬ್ಬ ಇರಿತಕ್ಕೆ ಸತ್ತ. ಅದು ಮೇಸಲ್ಸ್ ತಂಡದ ಕ್ಯಾಮೆರಾದಲ್ಲಿ ಸೆರೆಯಾಗಿತ್ತು. ಸುದ್ದಿ ಊರಿಗೆಲ್ಲ ಗೊತ್ತು, ಇನ್ನು ಸಿನಿಮಾ ಮಾಡುವುದು ಹೇಗೆ? ಆ ಫುಟೇಜನ್ನು ಹಾಡುಗಾರರಿಗೇ ತೋರಿಸೋಣ, ಅವರು ನೋಡುವುದನ್ನು ಶೂಟ್ ಮಾಡೋಣ ಅಂದವರು ಷಾರ್ಲಟ್. ತಂಡದ ಹಾಡುಗಾರ ಮಿಕ್ ಜಾಗರ್ ಎಡಿಟಿಂಗ್ ಟೇಬಲ್ ಮುಂದೆ ಕೂತಿದ್ದಾನೆ. ರೀಲು ಹಿಂದಕ್ಕೆ ಹೋಗುತ್ತದೆ, ನಿಧಾನವಾಗುತ್ತದೆ, ನಿಲ್ಲುತ್ತದೆ. ಸತ್ತ ಹುಡುಗನ ಪಕ್ಕದಲ್ಲಿದ್ದ ಹುಡುಗಿಯ ಕ್ರೋಷೆ ಉಡುಪಿನ ಮೇಲೆ ಅವನ ಕೈಯ ಪಿಸ್ತೂಲಿನ ಆಕಾರ ಕಾಣುತ್ತದೆ. ಯಾರೂ ಕಿರುಚುವುದಿಲ್ಲ. ಜಾಗರ್ ಸುಮ್ಮನೆ ಎದ್ದು ಹೋಗುತ್ತಾನೆ.

ಹೀಗೆ ಹುಟ್ಟಿದ ಆ ಚಿತ್ರ ‘ಗಿಮ್ಮಿ ಶೆಲ್ಟರ್’ಗೆ ನಿರ್ದೇಶಕರಾಗಿ ಆ ಅಣ್ಣತಮ್ಮಂದಿರ ಜೊತೆ ಷಾರ್ಲಟ್ ಹೆಸರೂ ಇದೆ. ಸುಮ್ನೆ ಬಂದ ಹೆಸರಲ್ಲ ಅದು, ಅಲ್ವಾ? ಮುಂದೆ ಜ್ಯಾಜ್ ಪಿಯಾನೋವಾದಕ ಥೆಲೋನಿಯಸ್ ಮಂಕ್ ಬಗ್ಗೆ 1988ರಲ್ಲಿ ಬಂದ ಚಿತ್ರವನ್ನು ಅವರೇ ನಿರ್ದೇಶಿಸಿದರು. ಅದರ ಬೆನ್ನೆಲುಬು, ಬ್ಲ್ಯಾಕ್‌ವುಡ್ ಸಹೋದರರು ಅದಕ್ಕೂ ಇಪ್ಪತ್ತು ವರ್ಷ ಹಿಂದೆ ಜರ್ಮನ್ ಟೀವಿಗಾಗಿ ತೆಗೆದಿಟ್ಟಿದ್ದ ಫುಟೇಜು.

ನನ್ನ ಕಥೆ ಬಿಡು. ಚಾನೆಲ್ ಒಂದರಲ್ಲಿ ಇದ್ದಾಗ 22 ನಿಮಿಷದ ಸ್ಲಾಟಿಗೆ ಎಷ್ಟು ಜನರ ಬದುಕು ಕತ್ತರಿಸಿದೆನೋ. ಒಮ್ಮೆ ಅಜ್ಜಿಯೊಬ್ಬಳು ಮಗನ ಹೆಸರು ಹೇಳಿ ಮಾತು ನಿಲ್ಲಿಸಿದಳು. “ಡಲ್ ಹೊಡೀತಿದೆ” ಅಂದರು ಮೇಲಿನವರು. ಆ ಮೌನದ ಮೇಲೆ ವಾಯ್ಸ್ ಓವರ್ ಸುರಿದೆ. ಇವತ್ತಿಗೂ ನಾಚಿಕೆ.

ಈಗ ನಿನ್ನದಕ್ಕೆ ಬರುತ್ತೇನೆ. ವಯಸ್ಸಾದ ಆ ಸ್ತ್ರೀವೇಷದವರು ಬೆಳಗಿನ ಜಾವ ಕನ್ನಡಿ ಮುಂದೆ ತೆಂಗಿನೆಣ್ಣೆ ಹಚ್ಚಿ ಬಣ್ಣ ಒರೆಸುತ್ತಾರಲ್ಲ, ನಾಲ್ಕೇ ಸೆಕೆಂಡು ಇಟ್ಟಿದ್ದೀಯ. ಅರ್ಧ ಮುಖ ಇನ್ನೂ ದ್ರೌಪದಿ, ಇನ್ನರ್ಧ ಸುಸ್ತಾದ ಮುದುಕ. ಆ ಶಾಟ್ ಪೂರ್ತಿ ಎಷ್ಟು ಹೊತ್ತಿದೆ? ಕತ್ತರಿಸದೆ, ಮ್ಯೂಸಿಕ್ ಹಾಕದೆ, ಸೌಂಡ್ ಸಮೇತ ನನಗೆ ಕಳಿಸು. ಭಾನುವಾರ ಬಿಡುವಾಗಿದ್ದೇನೆ.

ನಿನ್ನವನು