ಮಗಳಿಗೊಂದು ಪತ್ರ: ಎಂಟು ಫ್ರೇಮ್

ಮಗಳೇ,

ಹದಿನಾಲ್ಕು ತಿಂಗಳು ಕೂತು ಸಂಕಲನ ಮಾಡಿದ ಸಿನಿಮಾವನ್ನು ನಿರ್ಮಾಪಕರು ಬೇರೆಯವರ ಕೈಗೆ ಕೊಟ್ಟರೆಂದು ನಿನ್ನೆ ನೀನು ಹೇಳುತ್ತಿದ್ದಾಗ, ‘ಕತ್ತರಿಸುವ ಕೆಲಸ ತಾನೇ, ಇನ್ನೊಂದು ಸಿಗುತ್ತದೆ ಬಿಡು’ ಎಂದುಬಿಟ್ಟೆ. ನೀನು ಫೋನ್ ಇಟ್ಟೆ. ಸಂಬಳದ ಕೆಲಸ ಬಿಟ್ಟು ಬಂದಾಗಿನ ಜಗಳವನ್ನು ಇಲ್ಲಿ ಎತ್ತುವುದಿಲ್ಲ, ಅದು ಇಬ್ಬರಿಗೂ ಬಾಯಿಪಾಠ.

ರಾತ್ರಿಯಿಡೀ ಆ ಬಾಗಿಲಿನ ದೃಶ್ಯವೇ ಕಣ್ಣ ಮುಂದಿತ್ತು. ಅಂದು ನಿನ್ನ ಕುರ್ಚಿಯ ಹಿಂದೆ ಕುಳಿತಿದ್ದೆ. ಒಬ್ಬ ಮುದುಕಿ ಬಾಗಿಲು ಮುಚ್ಚುತ್ತಾಳೆ, ಅಷ್ಟೇ. ಮುಚ್ಚಿದ ಕೂಡಲೇ ಕತ್ತರಿಸಿ ನೀನು ತೋರಿಸಿದೆ. ಆಮೇಲೆ ಎಂಟು ಫ್ರೇಮ್ ಹೆಚ್ಚು ಉಳಿಸಿ ತೋರಿಸಿದೆ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರ. ಎಂಟು ಎಂದರೆ ಸೆಕೆಂಡಿನ ಮೂರನೇ ಒಂದು ಪಾಲು. ನನಗೆ ವ್ಯತ್ಯಾಸವೇ ತಿಳಿಯಲಿಲ್ಲ. ನೀನು ಬೇಸರಿಸದೆ ಮತ್ತೆ ಹಾಕಿದೆ, ಮತ್ತೆ ಹಾಕಿದೆ. ಮೂರನೆಯ ಸಲ, ಅವಳ ಬೆರಳು ಚಿಲಕದ ಮೇಲೇ ಉಳಿದದ್ದು ಕಂಡಿತು. ಮೊದಲನೆಯದರಲ್ಲಿ ಅವಳು ಬಾಗಿಲು ಮುಚ್ಚಿದ್ದಳು, ಎರಡನೆಯದರಲ್ಲಿ ಒಂಟಿಯಾಗಿದ್ದಳು. ನನ್ನ ಗಂಟಲು ಕಟ್ಟಿತು. ಅದನ್ನು ಆಗಲೇ ಹೇಳಬೇಕಿತ್ತು. ಹೇಳದೆ ‘ಕಣ್ಣಿಗೆ ಆಯಾಸವಾಗುತ್ತದೆ, ಮಲಗು’ ಎಂದೆ.

ಅದನ್ನು ಕಂಡವನೇ ನಿನ್ನೆ ಆ ಮಾತು ಆಡಿದೆ. ತಪ್ಪಾಯಿತು.

1979ರ ‘ಅಪೊಕ್ಯಾಲಿಪ್ಸ್ ನೌ’ ಚಿತ್ರಕ್ಕೆ ಸಂಕಲನಕಾರ ವಾಲ್ಟರ್ ಮರ್ಚ್ ಮತ್ತು ಸಂಗಡಿಗರ ಮುಂದೆ 230 ಗಂಟೆಗೂ ಹೆಚ್ಚಿನ ದೃಶ್ಯಗಳಿದ್ದವು, ಉಳಿದದ್ದು ಎರಡೂವರೆ ಗಂಟೆ ಎಂದು ನೀನೇ ಹೇಳಿದ್ದೆ. ತೆಗೆದುಹಾಕಿದ್ದನ್ನು ಯಾರೂ ನೋಡುವುದಿಲ್ಲ, ಆದ್ದರಿಂದ ಸಂಕಲನಕಾರರ ದುಡಿಮೆಯೂ ಕಾಣುವುದಿಲ್ಲ. ನನಗೆ ಹೊಟ್ಟೆ ಉರಿಯುವುದು ಅದಕ್ಕೇ.

ಬುದ್ಧಿ ಹೇಳಬಾರದೆಂದುಕೊಂಡೇ ಬರೆಯಲು ಕೂತೆ, ಆದರೂ ಕೇಳು. ಇನ್ನು ಮುಂದೆ ಒಪ್ಪಂದ ಬಾಯಿಮಾತಿನಲ್ಲಿ ಬೇಡ. ಮುಂಗಡವೆಷ್ಟು, ಎಷ್ಟು ಸುತ್ತಿನ ತಿದ್ದುಪಡಿ, ಕೆಲಸ ಅರ್ಧಕ್ಕೆ ನಿಂತರೆ ಎಷ್ಟು ಹಣ, ಶೀರ್ಷಿಕೆಪಟ್ಟಿಯಲ್ಲಿ ಹೆಸರು ಹೇಗೆ, ಎಲ್ಲವೂ ಬರಹದಲ್ಲಿರಲಿ. ರಫ್ ಕಟ್, ಅಂದರೆ ಕಚ್ಚಾ ಸಂಕಲನ, ತೋರಿಸುವಾಗ ಅದರ ಮೇಲೆ ವಾಟರ್‌ಮಾರ್ಕ್ ಇರಲಿ. ಬಾಕಿ ಬರುವ ಮುನ್ನ ಕೊನೆಯ ಫೈಲ್ ಕೊಡಬೇಡ. ಸ್ನೇಹಿತರೆಂದು ಸಡಿಲ ಬಿಡುತ್ತೀಯ, ಆಮೇಲೆ ಬಾಡಿಗೆಗೆ ಪರದಾಡುತ್ತೀಯ. ಗಂಟೆಗೊಮ್ಮೆ ಎದ್ದು ನಿಲ್ಲು. ಮರ್ಚ್ ನಿಂತುಕೊಂಡೇ ಸಂಕಲನ ಮಾಡುತ್ತಾರಂತಲ್ಲ.

ಈ ಕೆಲಸ ಬಿಡು ಎನ್ನಲು ಈ ಪತ್ರ ಬರೆಯುತ್ತಿಲ್ಲ. ಬಿಟ್ಟೀಯೆಂದು ಹೆದರಿ ಬರೆಯುತ್ತಿದ್ದೇನೆ.

ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಪ್ರತಿ ಬೇರೆ ಜಾಗದಲ್ಲಿ ಎಂಬ ನಿಯಮ ಹೇಳಿ, ಒಂದು ಹಾರ್ಡ್ ಡ್ರೈವ್ ನನ್ನ ಬಳಿ ಇಟ್ಟಿದ್ದೆಯಲ್ಲ, ಅದು ಬೀರುವಿನಲ್ಲಿ ಬಟ್ಟೆ ಸುತ್ತಿಕೊಂಡು ಹಾಗೇ ಇದೆ. ನೀನು ಕಟ್ಟಿದ ಸಿನಿಮಾ ಅದರಲ್ಲಿದೆ. ಭಾನುವಾರ ಬಾ. ಆ ಬಾಗಿಲಿನ ದೃಶ್ಯವನ್ನು ಎಂಟು ಫ್ರೇಮಿನೊಂದಿಗೆ ಇನ್ನೊಮ್ಮೆ ತೋರಿಸು.

ನಿನ್ನ
ಅಪ್ಪ